ಸನ್ನದು ಒಪ್ಪಿಸುವ ಮೊದಲು

ಪುಟ್ಟಿ,

ಶನಿವಾರ ರಾತ್ರಿ ನೀನು ತಟ್ಟೆಯನ್ನು ಅರ್ಧಕ್ಕೆ ಬಿಟ್ಟು ಎದ್ದು ಹೋದಾಗಿನಿಂದ ನಿನ್ನಮ್ಮ ನನ್ನೊಂದಿಗೆ ಸರಿಯಾಗಿ ಮಾತನಾಡಿಲ್ಲ. ಟಿವಿ ಕೆಲಸ ಹಿಡಿದು ಕಲಿತ ವಿದ್ಯೆಯನ್ನು ಸಂತೆಗೆ ಒಯ್ಯುತ್ತಿದ್ದೀಯೆ ಎಂದು ನಾನು ಹೇಳಬಾರದಿತ್ತು. ತಪ್ಪಾಯಿತು. ಗಾಂಧಿ ಬಜಾರಿನ ಹೂವಿನವಳು ನನ್ನನ್ನು ‘ಟಿವಿ ಲಾಯರಮ್ಮನ ತಂದೆ’ ಎಂದು ಕರೆದಾಗ ಒಂದು ಮೊಳ ಹೆಚ್ಚಿಗೆ ಕೊಂಡು ಬರುವವನು ನಾನೇ.

ಟಿವಿ ಚರ್ಚೆಗೆ ಹೋಗಿ ಮಾತನಾಡುವುದಕ್ಕೆ ನನ್ನ ಅಡ್ಡಿಯಿರಲಿಲ್ಲ. ವಕೀಲರ ಪರಿಷತ್ತಿನ ನಿಯಮಗಳೂ ಪ್ರಸಾರ, ಪತ್ರಿಕೋದ್ಯಮಗಳನ್ನು ಒಪ್ಪುತ್ತವೆ. ಜಾಹೀರಾತಾಗಬಾರದು, ಪೂರ್ಣಾವಧಿ ಸಂಬಳದ ಕೆಲಸವಾಗಬಾರದು, ಅಷ್ಟೇ. ಈಗ ನೀನು ಪೂರ್ಣಾವಧಿಗೇ ಒಪ್ಪಿಕೊಂಡಿದ್ದೀಯೆ, ವಕೀಲಿಕೆಯ ಪರವಾನಗಿಯಾದ ಸನ್ನದನ್ನು ಅಮಾನತಿನಲ್ಲಿಡಲು ಅರ್ಜಿ ಬರೆದಿದ್ದೀಯೆ. ಕಾರ್ಯಕ್ರಮದಲ್ಲಿ ನಿನ್ನ ಹಳೆಯ ಕೇಸುಗಳ ‘ಒಳಗಿನ ಕಥೆ’ ಇರುತ್ತದೆ ಎಂದೆಯಲ್ಲ, ಆ ಮಾತು ಕೇಳಿ ನನಗೆ ಅನ್ನ ಇಳಿಯಲಿಲ್ಲ.

1994ರಲ್ಲಿ ಒಂದು ಬೆಳಿಗ್ಗೆ ಒಬ್ಬರು ನಮ್ಮ ಮನೆಗೆ ಬಂದಿದ್ದರು. ಬಾಗಿಲು ತೆಗೆದವಳು ನೀನು. ಆಗ ಎರಡನೇ ತರಗತಿ. ಕೊಲೆ ಆರೋಪದಲ್ಲಿ ಹದಿನಾಲ್ಕು ತಿಂಗಳು ಜೈಲಿನಲ್ಲಿದ್ದು ಖುಲಾಸೆಯಾದ ನನ್ನ ಕಕ್ಷಿದಾರ. ಬೀದಿದೀಪದ ಬೆಳಕಿನಲ್ಲಿ ಮುಖ ಕಂಡೆ ಎಂದ ಸಾಕ್ಷಿಯನ್ನು ನಾನು ಪಾಟೀಸವಾಲಿನಲ್ಲಿ ಅಲ್ಲಾಡಿಸಿದ್ದೆ. ಘಟನೆಯ ರಾತ್ರಿ ಅವರಿದ್ದದ್ದು ತಂಗಿಯ ಜೊತೆ, ಆಕೆಯ ಮನೋರೋಗದ ಚಿಕಿತ್ಸೆಗೆ. ಅದನ್ನು ನನಗೊಬ್ಬನಿಗೇ ಹೇಳಿದ್ದರು. ತಂಗಿಗೆ ಗಂಡು ಗೊತ್ತಾಗಿದೆ, ನ್ಯಾಯಾಲಯದಲ್ಲಿ ಎತ್ತಬೇಡಿ ಎಂದು ಕೈ ಹಿಡಿದುಕೊಂಡಿದ್ದರು. ನಾನು ಎತ್ತಲಿಲ್ಲ. ತೀರ್ಪಿನ ಸಂಜೆ ಮೆಟ್ಟಿಲ ಮೇಲೆ ಪತ್ರಕರ್ತರೊಬ್ಬರು ಕೇಳಿದಾಗ, ಎಂಥ ಅಣ್ಣ ನೋಡಿ ಎಂದು ಹೊಗಳುವ ಭರದಲ್ಲಿ ಎಲ್ಲವನ್ನೂ ಹೇಳಿಬಿಟ್ಟೆ. ಮರುದಿನ ಅದು ಅಚ್ಚಾಯಿತು. ಮದುವೆ ಮುರಿಯಿತು.

ಅವರು ಜಗಳಕ್ಕೆ ಬಂದಿರಲಿಲ್ಲ. ಶುಲ್ಕದಲ್ಲಿ ಎಂಟುನೂರು ರೂಪಾಯಿ ಬಾಕಿಯಿತ್ತು. ಎಲ್ಲವೂ ಹತ್ತರ ನೋಟುಗಳು. ಹೊಸ್ತಿಲ ಹೊರಗೇ ನಿಂತು ಒಂದೊಂದಾಗಿ ಎಣಿಸಿದರು; ನಡುವೆ ಲೆಕ್ಕ ತಪ್ಪಿತು, ಮೊದಲಿನಿಂದ ಎಣಿಸಿದರು. ಬೇಡ ಎನ್ನಲು ನನಗೆ ಬಾಯಿ ಬರಲಿಲ್ಲ. ನೀನು ಪಕ್ಕದಲ್ಲಿ ನಿಂತು ಅವರೊಂದಿಗೆ ಗಟ್ಟಿಯಾಗಿ ಎಣಿಸುತ್ತಿದ್ದೆ. ಎಂಬತ್ತು ಎಂದಾಗ ಅವರು ನಿನ್ನ ತಲೆ ಸವರಿ ಹೋದರು. ನನ್ನ ಮುಖ ನೋಡಲಿಲ್ಲ.

ಹಳೆಯ ಸಾಕ್ಷ್ಯ ಅಧಿನಿಯಮದ 126ನೇ ಕಲಮನ್ನು ನಿನಗೆ ಬಾಯಿಪಾಠ ಮಾಡಿಸಿದ್ದು ಅದಕ್ಕೇ. ಈಗ ಅದು ಭಾರತೀಯ ಸಾಕ್ಷ್ಯ ಅಧಿನಿಯಮದ 132. ಸೇವೆ ಮುಗಿದ ಮೇಲೂ ಕಕ್ಷಿದಾರನ ಗುಟ್ಟು ಕಾಯುವ ಹೊಣೆ ಮುಗಿಯುವುದಿಲ್ಲ ಎಂದು ಎರಡೂ ಹೇಳುತ್ತವೆ. ಹೆಸರು ಬದಲಿಸುತ್ತೇವೆ ಎಂದು ನಿರ್ಮಾಪಕರು ಹೇಳಿದರೆ ನಂಬಬೇಡ. ಬೆಂಗಳೂರು ಎಷ್ಟು ಬೆಳೆದರೂ ಅವರವರ ಕೇರಿಗೆ ಎಲ್ಲವೂ ತಿಳಿಯುತ್ತದೆ. ಒಪ್ಪಂದದಲ್ಲಿ ಬರೆಸಿಕೋ. ನೇರ ಪ್ರಸಾರಕ್ಕೆ ಒಪ್ಪಬೇಡ. ಮತ್ತೆ ಪಾಠ ಶುರುಮಾಡಿದೆ, ಆದರೂ ಬರೆಸಿಕೋ.

ನೀನು ಅಂದು ಅಮೆರಿಕದ ವಕೀಲ ಜಾನಿ ಕಾಕ್ರನ್ ಹೆಸರು ಹೇಳಿದೆ. 1995ರಲ್ಲಿ ಫುಟ್‌ಬಾಲ್ ಆಟಗಾರ ಒ.ಜೆ. ಸಿಂಪ್ಸನ್‌ನ ಕೊಲೆ ಪ್ರಕರಣ ಗೆದ್ದು, ಆಮೇಲೆ ಕೋರ್ಟ್ ಟಿವಿ ಎಂಬ ವಾಹಿನಿಯಲ್ಲಿ ಕಾರ್ಯಕ್ರಮ ನಡೆಸಿದರು, ನಿಜ. ಆದರೆ 1972ರಲ್ಲಿ ತಾವು ಸೋತ, ಜೆರೊನಿಮೊ ಪ್ರ್ಯಾಟ್ ಎಂಬ ಕಕ್ಷಿದಾರನ ಕೊಲೆ ಪ್ರಕರಣವನ್ನು ಅವರು ಕೈಬಿಡಲಿಲ್ಲ. ಆತನ ಶಿಕ್ಷೆ ರದ್ದಾದದ್ದು 1997ರಲ್ಲಿ. ನೀನೂ ಹಾಗೆ ಒಂದು ಕಾಲನ್ನು ನ್ಯಾಯಾಲಯದಲ್ಲಿ ಇಟ್ಟುಕೊಳ್ಳುತ್ತೀಯೆ ಎಂದುಕೊಂಡಿದ್ದೆ.

ನಿನ್ನ ಕೇಸಿನ ಕಟ್ಟುಗಳು ನನ್ನ ಕಪಾಟಿನಲ್ಲೇ ಇವೆ. ಮಾಗಡಿ ರಸ್ತೆಯ ಆ ಹುಡುಗನ ತಾಯಿ ಎರಡು ಸಲ ಫೋನ್ ಮಾಡಿದ್ದರು. ಬುಧವಾರ ಅವನ ಜಾಮೀನು ಅರ್ಜಿ ಇದೆ. ಬೇರೆ ಯಾರಿಗೂ ವಹಿಸಿಲ್ಲವಾದರೆ ವಕಾಲತ್ತಿಗೆ ಸಹಿ ಮಾಡಿಸಿ ಕಳುಹಿಸು. ಮೊಣಕಾಲು ನೋವು ಈಗ ಕಡಿಮೆಯಿದೆ, ನಾನೇ ಹೋಗಿ ವಾದಿಸುತ್ತೇನೆ.

ನಿನ್ನ
ಅಪ್ಪ