ಪಿಂಚಣಿ ಕಡಿತ: ಮೊದಲು ತಾರೀಖು ನೋಡು

ಚಿ. ರಮೇಶನಿಗೆ ಮಾವನ ಆಶೀರ್ವಾದಗಳು.

ನೀನು ಕಳಿಸಿದ ಆದೇಶ ಓದಿದೆ. ಐದು ವರ್ಷ ಪಿಂಚಣಿಯಲ್ಲಿ ಶೇ. 10 ಕಡಿತ. ಮನಸ್ಸಿಗೆ ನೋವಾಗದೆ ಇರುತ್ತಾ? ಆದರೆ ಜೊತೆಗೆ ಬರೆದು ಕಳಿಸಿದ್ದೀಯಲ್ಲ, 'ನಾನು ಒಂದು ಪೈಸೆ ಮುಟ್ಟಿಲ್ಲ' ಅಂತ ಪುಟಗಟ್ಟಲೆ, ಅದನ್ನು ಸದ್ಯಕ್ಕೆ ಪಕ್ಕಕ್ಕಿಡು. ನಾನೇನೋ ನಂಬುತ್ತೇನೆ. ನ್ಯಾಯಾಧೀಶರು ಮೊದಲು ನೋಡುವುದು ಇಲಾಖೆ ನಿಯಮದಂತೆ ನಡೆದುಕೊಂಡಿದೆಯಾ ಅಂತ.

ಕೆ.ಸಿ.ಎಸ್.ಆರ್. (ಕರ್ನಾಟಕ ನಾಗರಿಕ ಸೇವಾ ನಿಯಮಗಳು) ತೆರೆದು 214ನೇ ನಿಯಮ ತೆಗೆದು ನಿಧಾನವಾಗಿ ಓದು. ನಿವೃತ್ತಿಯಾದ ಮೇಲೆ ಹೊಸದಾಗಿ ಇಲಾಖಾ ವಿಚಾರಣೆ ಹೂಡಬೇಕಾದರೆ ಸರ್ಕಾರದ ಮಂಜೂರಾತಿ ಬೇಕು. ಘಟನೆ ನಡೆದು ನಾಲ್ಕು ವರ್ಷ ದಾಟಿರಬಾರದು. ನಿನ್ನ ಮೇಲಿನ ಆರೋಪಕ್ಕೆ ಕಾರಣವಾದ ಬಿಲ್ಲು 2016ರ ಡಿಸೆಂಬರಿನದು. ನೀನು ರಿಟೈರ್ ಆದದ್ದು 2021ರ ಮೇ ಕೊನೆಗೆ. ಆರೋಪಪಟ್ಟಿ ಬಂದದ್ದು ಅದೇ ವರ್ಷದ ಅಕ್ಟೋಬರಿನಲ್ಲಿ. ನೀನೇ ಲೆಕ್ಕ ಹಾಕು.

'ಸರ್ವೀಸಿನಲ್ಲಿದ್ದಾಗಲೇ ಕಾರಣ ಕೇಳಿ ನೋಟಿಸು ಕೊಟ್ಟಿದ್ದೆವು' ಅಂತ ಅವರು ಹೇಳಬಹುದು. ಹೆದರಬೇಡ. ಆರೋಪಪಟ್ಟಿ ಹೊರಡಿಸಿದ ದಿನವೇ ವಿಚಾರಣೆ ಶುರುವಾದ ದಿನ. ಅದಕ್ಕೂ ಮೊದಲು ಸಸ್ಪೆಂಡ್ ಆಗಿದ್ದರೆ ಮಾತು ಬೇರೆ, ನೀನು ಆಗಿರಲಿಲ್ಲವಲ್ಲ. ಹಾಗಾಗಿ ಆರೋಪಪಟ್ಟಿ ಬಂದ ಲಕೋಟೆ, ಅಂಚೆ ಮುದ್ರೆ ಸಮೇತ, ಮನೆಯಲ್ಲಿದ್ದರೆ ಹುಡುಕು. ಸುಶೀಲಾ ಹಳೇ ಪೇಪರಿಗೆ ಹಾಕುವ ಮೊದಲು!

ಇನ್ನೊಂದು ವಿಷಯ. ವಿಚಾರಣಾಧಿಕಾರಿ ವರದಿಯಲ್ಲಿ 'ಮೇಲ್ವಿಚಾರಣೆಯಲ್ಲಿ ಲೋಪ' ಅಂತ ಮಾತ್ರ ಇದೆ. ಪಿಂಚಣಿಗೆ ಕೈಹಾಕಲು ಅಷ್ಟು ಸಾಲದು. ಗಂಭೀರ ದುರ್ನಡತೆ ಅಥವಾ ಗಂಭೀರ ನಿರ್ಲಕ್ಷ್ಯ ಸಾಬೀತಾಗಬೇಕು. ಕೇಂದ್ರದ ಇಂಥದೇ ನಿಯಮದ ಬಗ್ಗೆ ಡಿ.ವಿ. ಕಪೂರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1990ರಲ್ಲೇ ಇದನ್ನು ಹೇಳಿದೆ. ವಕೀಲರಿಗೆ ತೋರಿಸು.

ಸೀದಾ ಧಾರವಾಡದ ಹೈಕೋರ್ಟಿಗೆ ಹೋಗುತ್ತೇನೆ ಅಂದೆಯಲ್ಲ, ಆಗುವುದಿಲ್ಲ. ಸುಪ್ರೀಂ ಕೋರ್ಟಿನ 1997ರ ಎಲ್. ಚಂದ್ರಕುಮಾರ್ ತೀರ್ಪಿನ ಪ್ರಕಾರ ಮೊದಲು ಕೆಎಟಿ, ಅಂದರೆ ಸರ್ಕಾರಿ ನೌಕರರ ಸೇವಾ ವಿವಾದ ಕೇಳುವ ಕರ್ನಾಟಕ ಆಡಳಿತ ನ್ಯಾಯಮಂಡಳಿ. ಅಲ್ಲಿ ಸೋತರೆ ಹೈಕೋರ್ಟಿನ ವಿಭಾಗೀಯ ಪೀಠ. ಕೆಎಟಿಗೆ ಬೆಳಗಾವಿ, ಕಲಬುರಗಿಯಲ್ಲೂ ಪೀಠಗಳಿವೆ, ಸುಮ್ನೆ ಬೆಂಗಳೂರಿಗೆ ಓಡಬೇಡ. ಅರ್ಜಿಯ ಜೊತೆಗೇ ಮಧ್ಯಂತರ ತಡೆಯಾಜ್ಞೆಯನ್ನೂ ಕೇಳಿಸು. ಇಲ್ಲದಿದ್ದರೆ ಕೇಸು ನಡೆಯುವಷ್ಟು ದಿನವೂ ಕಡಿತ ನಡೆದೇ ಇರುತ್ತದೆ.

ಆದೇಶದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ನಿಮ್ಮ ಸಂಘದವರು 'ಇನ್ನೊಂದು ಮನವಿ ಕೊಡೋಣ, ಮಂತ್ರಿಗಳನ್ನು ನೋಡೋಣ' ಅನ್ನುತ್ತಾರೆ. ಒಳ್ಳೆಯವರೇ, ಆದರೆ ಮನವಿ ಮೇಲೆ ಮನವಿ ಕೊಟ್ಟರೆ ಗಡುವು ಮುಂದೆ ಹೋಗುವುದಿಲ್ಲ. ಎಷ್ಟೋ ಜನ ಹೀಗೇ ಕಾಯುತ್ತಾ ಕೂತು ಕೇಸು ಕಳೆದುಕೊಂಡಿದ್ದಾರೆ.

ವಿಚಾರಣೆಗೆ ಮಂಜೂರಾತಿ ಕೊಟ್ಟ ಸರ್ಕಾರಿ ಆದೇಶ ನಿನ್ನ ಕಾಗದಗಳಲ್ಲಿ ಕಾಣಲಿಲ್ಲ. ಈ ವಾರವೇ ಆರ್‌ಟಿಐನಲ್ಲಿ ಅದರ ಪ್ರತಿ ಕೇಳು. ಬಂದ ಕೂಡಲೇ ಫೋಟೋ ತೆಗೆದು ನನಗೆ ವಾಟ್ಸಾಪ್ ಮಾಡು.

ಇಂತಿ,
ನಿನ್ನ ಸೋದರಮಾವ