ಮಕ್ಕಳಿಗೆ ನಂಬರ್ ಕೊಡುವ ಮೊದಲು: ಮಗಳಿಗೊಂದು ಪತ್ರ

ತಂಗಿ,

ನೀನು ಪಾಠ ಮಾಡುವ ಹತ್ತನೇ ಕ್ಲಾಸಿನ ಮಕ್ಕಳು ನಿನ್ನ ಫೋನ್ ನಂಬರ್ ಕೇಳುತ್ತಿದ್ದಾರೆ, ಕೊಡಲಾ ಬೇಡವಾ ಅಂತ ಫೋನಿನಲ್ಲಿ ಕೇಳಿದೆಯಲ್ಲ, ಅಷ್ಟರಲ್ಲಿ ನೆಟ್‌ವರ್ಕ್ ಹೋಯಿತು. ಎರಡು ಮಾತಿನಲ್ಲಿ ಹೇಳಿ ಮುಗಿಸುವಂಥದ್ದೂ ಅಲ್ಲ ಅದು, ಅದಕ್ಕೇ ಬರೆಯುತ್ತಿದ್ದೇನೆ. ನಂಬರನ್ನು ಮಕ್ಕಳ ಮನೆಯವರಿಗೆ ಕೊಡು. ಮಕ್ಕಳ ಜೊತೆ ಒಬ್ಬೊಬ್ಬರಿಗೇ ಬೇರೆ ಬೇರೆ ಮೆಸೇಜ್ ಮಾಡುವ ರೂಢಿ ಮಾತ್ರ ಬೇಡ.

ಆ ಫೋನು ಯಾರ ಕೈಯಲ್ಲಿರುತ್ತೆ ಅಂತ ಯೋಚನೆ ಮಾಡು. ಚಿತ್ತಾಪುರದ ಕಡೆ ಎಷ್ಟೋ ಮನೆಗಳಲ್ಲಿ ಟಚ್ ಫೋನು ಅಂತ ಇರುವುದು ಒಂದೇ. ಬೆಳಿಗ್ಗೆ ಅಪ್ಪನ ಜೇಬಿನಲ್ಲಿ ಹೊಲಕ್ಕೆ ಹೋಗುತ್ತೆ, ಸಂಜೆ ಅಣ್ಣನ ಕೈಗೆ ಬರುತ್ತೆ. ನೀನು ಒಳ್ಳೆ ಮನಸ್ಸಿನಿಂದಲೇ ರಾತ್ರಿ ಹತ್ತಕ್ಕೆ ಒಬ್ಬ ಹುಡುಗಿಗೆ 'ಲೆಕ್ಕ ಮುಗೀತಾ?' ಅಂತ ಕಳಿಸಿರುತ್ತೀ. ನಂಬರ್ ಸೇವ್ ಆಗಿಲ್ಲ, ಡಿಪಿ ಇಲ್ಲ. ಯಾರಿದು ಇಷ್ಟೊತ್ತಿನಲ್ಲಿ ಅಂತ ಅಣ್ಣ ಕೇಳುತ್ತಾನೆ. ಟೀಚರ್ ಅಂದರೆ ನಂಬುತ್ತಾನಾ? ನಮ್ಮ ಕಡೆ ಹುಡುಗಿಯನ್ನು ಶಾಲೆ ಬಿಡಿಸೋಕೆ ದೊಡ್ಡ ಕಾರಣ ಏನೂ ಬೇಕಾಗಿಲ್ಲ, ನಾನು ಇಲ್ಲಿ ಕಲಬುರಗಿಯಲ್ಲೇ, ಪೇಟೆಯ ಹುಡುಗಿಯರ ಶಾಲೆಯಲ್ಲೇ ಅದನ್ನು ನೋಡಿದ್ದೇನೆ. ಇನ್ನು ಹುಡುಗರ ವಿಷಯ. ನೀನಿನ್ನೂ ಚಿಕ್ಕವಳು, ನಿನ್ನ ಡಿಪಿ ತೆಗೆದು ಯಾರೋ ಒಬ್ಬ ಸ್ಟೇಟಸ್ ಹಾಕಿದ ಅಂದರೆ ಊರವರ ಬಾಯಿ ಮುಚ್ಚಿಸೋಕೆ ಆಗುತ್ತಾ?

ಮಾಸ್ತರುಗಳಲ್ಲೂ ಎಲ್ಲರೂ ಒಂದೇ ಥರ ಇರುವುದಿಲ್ಲ. 'ಊಟ ಆಯ್ತಾ' ಅಂತ ಶುರುವಾದದ್ದು 'ಮನೆಯಲ್ಲಿ ಹೇಳಬೇಡ' ಅನ್ನುವಲ್ಲಿಗೆ ಬಂತು ಅಂದರೆ ಅದು ಪಾಠದ ಮಾತಲ್ಲ. ಮಕ್ಕಳ ಮೇಲಿನ ಲೈಂಗಿಕ ದೌರ್ಜನ್ಯ ತಡೆಯೋಕೆ ಇರುವ 2012ರ ಪೋಕ್ಸೋ ಕಾಯ್ದೆಯ 11ನೇ ಸೆಕ್ಷನ್ ಓದಿಕೋ. ಲೈಂಗಿಕ ಉದ್ದೇಶ ಇಟ್ಟುಕೊಂಡು ಮಗುವಿಗೆ ಫೋನಿನಲ್ಲಿ ಪದೇ ಪದೇ ಗಂಟು ಬೀಳುವುದೂ ಅಪರಾಧವೇ, ಮೂರು ವರ್ಷದವರೆಗೆ ಜೈಲಿದೆ. ಇಂಥದ್ದು ನಿನ್ನ ಕಿವಿಗೆ ಬಿದ್ದರೆ, ಅವರು ಎಷ್ಟೇ ಸೀನಿಯರ್ ಇರಲಿ, ಸುಮ್ನೆ ಇರೋ ಹಾಗಿಲ್ಲ. ಪೊಲೀಸರಿಗೆ ತಿಳಿಸದೆ ಮುಚ್ಚಿಟ್ಟರೆ ಅದೂ ಅದೇ ಕಾಯ್ದೆಯಡಿ ತಪ್ಪು.

ಹಾಗಂತ ಪೂರ್ತಿ ಬಂದ್ ಮಾಡು ಅಂತಲೂ ನಾನು ಹೇಳುವುದಿಲ್ಲ. ಅಮೆರಿಕದ ಮಿಸೌರಿ ರಾಜ್ಯದಲ್ಲಿ 2011ರಲ್ಲಿ ಶಿಕ್ಷಕರು ವಿದ್ಯಾರ್ಥಿಗಳ ಜೊತೆ ಆನ್‌ಲೈನಿನಲ್ಲಿ ಖಾಸಗಿಯಾಗಿ ಮಾತಾಡಲೇಬಾರದು ಅಂತ ಕಾನೂನು ಮಾಡಿದರು. ಶಿಕ್ಷಕರ ಸಂಘ ಕೋರ್ಟಿಗೆ ಹೋಯಿತು. ಹೀಗಾದರೆ ಅದೇ ಶಾಲೆಯಲ್ಲಿ ಓದುವ ಸ್ವಂತ ಮಕ್ಕಳಿಗೂ ಮೆಸೇಜ್ ಮಾಡೋಕೆ ಆಗಲ್ಲ ಅನ್ನುವ ಮಾತೂ ಅಲ್ಲಿ ಬಂತು. ಕೋರ್ಟು ತಡೆ ಕೊಟ್ಟಿತು, ಅದೇ ವರ್ಷ ಆ ಭಾಗವನ್ನೇ ತೆಗೆದು, ಆಯಾ ಶಾಲಾ ಆಡಳಿತಗಳೇ ನಿಯಮ ಮಾಡಿಕೊಳ್ಳಲಿ ಅಂತ ಬಿಟ್ಟರು. ನಿಮ್ಮ ಶಾಲೆಯಲ್ಲೂ ಎಚ್‌ಎಂ ಅವರನ್ನು ಕೂರಿಸಿಕೊಂಡು, ಯಾರು ಯಾವಾಗ ಹೇಗೆ ಮೆಸೇಜ್ ಮಾಡಬೇಕು ಅಂತ ಒಂದು ಹಾಳೆ ಬರೆದು ಪಾಲಕರೂ ಇರುವ ಶಾಲಾ ಸಮಿತಿ, ಅಂದರೆ ಎಸ್‌ಡಿಎಂಸಿ ಸಭೆಯಲ್ಲಿ ಓದಿಸು. ಆಗ ನಿನಗೂ ಒಂದು ಆಸರೆ ಇರುತ್ತೆ.

ಒಂದು ದಿನ 'ಟೀಚರ್, ನನ್ನ ಮದುವೆ ಗೊತ್ತು ಮಾಡ್ತಿದ್ದಾರೆ' ಅಂತ ಒಂದು ಹುಡುಗಿ ಕಳಿಸಬಹುದು. ಅವಳು ನಿನಗೇ ಕಳಿಸುತ್ತಾಳೆ, ಯಾಕಂದರೆ ಹೇಳಿಕೊಳ್ಳೋಕೆ ಅವಳಿಗೆ ಬೇರೆ ಯಾರೂ ಇರುವುದಿಲ್ಲ. ಆಗ ವಾಪಸ್ ಟೈಪ್ ಮಾಡುತ್ತಾ ಕೂರಬೇಡ, ಆ ಹೊತ್ತಿಗೆ ಫೋನು ಯಾರ ಕೈಯಲ್ಲಿದೆಯೋ ಗೊತ್ತಿಲ್ಲ. ಬಂದ ಮೆಸೇಜನ್ನು ಅಳಿಸಬೇಡ. ಎಚ್‌ಎಂ ಅವರಿಗೆ ಹೇಳಿ ಮಕ್ಕಳ ಸಹಾಯವಾಣಿ 1098ಕ್ಕೆ ಫೋನ್ ಮಾಡು.

ಗ್ರೂಪ್ ಮಾಡುವ ಮುಂಚೆ ಇನ್ನೊಂದು ಮಾತು. ವಾಟ್ಸಾಪ್ ಗ್ರೂಪಿನಲ್ಲಿ ಎಲ್ಲರ ನಂಬರ್ ಎಲ್ಲರಿಗೂ ಕಾಣುತ್ತೆ. ಮಕ್ಕಳ ಗ್ರೂಪ್ ಮಾಡಿದೆಯೋ, ಹುಡುಗಿಯರ ಮನೆ ನಂಬರನ್ನು ನೀನೇ ಹಂಚಿದ ಹಾಗೆ. ಬ್ರಾಡ್‌ಕಾಸ್ಟ್ ಲಿಸ್ಟ್ ಮಾಡಿಕೋ, ಅದು ಪ್ರತಿ ಮನೆಗೂ ಬೇರೆ ಬೇರೆಯಾಗಿ ಹೋಗುತ್ತೆ. ಆದರೆ ನಿನ್ನ ನಂಬರ್ ಸೇವ್ ಮಾಡಿಕೊಂಡವರಿಗೆ ಮಾತ್ರ ತಲುಪುವುದು, ಹಾಗಾಗಿ ಪಾಲಕರ ಸಭೆಯಲ್ಲೇ ಎದುರಿಗೆ ನಿಂತು ಸೇವ್ ಮಾಡಿಸು. ಬರೆದು ಕಳಿಸುವುದಕ್ಕಿಂತ ವಾಯ್ಸ್ ಮೆಸೇಜ್ ಒಳ್ಳೆಯದು. ಓದು ಬಾರದ ತಾಯಂದಿರಿದ್ದಾರೆ. ಮನೆಯಲ್ಲಿ ಉರ್ದು, ಲಂಬಾಣಿ ಮಾತಾಡುವವರೂ ಇದ್ದಾರೆ, ಕನ್ನಡ ಓದಲಾಗದಿದ್ದರೂ ಕೇಳಿದರೆ ತಿಳಿಯುತ್ತೆ. ಸಂಜೆ ಏಳರ ಒಳಗೆ ಕಳಿಸಿಬಿಡು.

ಪರೀಕ್ಷೆ, ಹೋಂವರ್ಕ್ ಏನೇ ಇರಲಿ, ಮೊದಲು ಬೋರ್ಡಿನ ಮೇಲೆ ಬರೆ. 2020ರಲ್ಲಿ ಶಾಲೆ ಬಂದ್ ಆದಾಗ ಫೋನಿಲ್ಲದ ಮಕ್ಕಳು ಎಷ್ಟು ಹಿಂದೆ ಬಿದ್ದರು, ಆಮೇಲೆ ವಿದ್ಯಾಗಮ ಅಂತ ಮಾಸ್ತರುಗಳೇ ಓಣಿ ಓಣಿಗೆ ಹೋಗಿ ಗುಡಿಕಟ್ಟೆಯಲ್ಲಿ, ಮರದ ನೆರಳಲ್ಲಿ ಕೂರಿಸಿ ಪಾಠ ಮಾಡಬೇಕಾಯಿತು. ಬರೀ ಮೆಸೇಜ್ ನಂಬಿದರೆ ಆ ಮಕ್ಕಳೇ ಮತ್ತೆ ಹೊರಗೆ ಉಳಿಯುತ್ತಾರೆ.

ಫೋನು ನಿಜವಾಗಿ ಕೆಲಸಕ್ಕೆ ಬರುವುದು ಗುಳೆ ಹೋದ ಮನೆಗಳಿಗೆ. ಅಪ್ಪ ಅಮ್ಮನ ಜೊತೆ ಮುಂಬೈ, ಪುಣೆ, ಬೆಂಗಳೂರು ಅಂತ ಮಕ್ಕಳೂ ಹೊರಟುಬಿಡುತ್ತಾರೆ. ಹಾಜರಿಯಲ್ಲಿ ಹೆಸರು ಇರುತ್ತೆ, ಮಗು ಇರುವುದಿಲ್ಲ. ಎಸ್ಎಸ್ಎಲ್‌ಸಿ ಫಾರ್ಮ್ ತುಂಬುವ ಹೊತ್ತಿಗೆ ಅವರನ್ನು ಹುಡುಕುವುದು ಕಷ್ಟ. ಅಪ್ಪನ ನಂಬರ್ ಒಂದೇ ಸಾಲದು, ಊರಲ್ಲೇ ಉಳಿಯುವ ಅಜ್ಜಿಯದೋ ಪಕ್ಕದ ಮನೆಯವರದೋ ಇನ್ನೊಂದು ನಂಬರನ್ನೂ ಒಂದು ನೋಟ್‌ಬುಕ್ಕಿನಲ್ಲಿ ಬರೆದಿಟ್ಟುಕೋ. ದೀಪಾವಳಿಗೆ ಮುಂಚೆಯೇ ಈ ಕೆಲಸ ಮುಗಿಸು, ಆಮೇಲೆ ಅರ್ಧ ಓಣಿಗೆ ಬೀಗ ಬಿದ್ದಿರುತ್ತೆ.

ನಿನ್ನ ಅವ್ವ
ಕಲಬುರಗಿ