ಕೆಲಸ ಕೊಟ್ಟವನೇ ಮನೆಯ ಧಣಿಯಾದರೆ

ಮಾನ್ಯ ಸಂಪಾದಕರೇ,

ಅಮೆರಿಕದ ಕೈಗಾರಿಕಾ ಯುಗದ ಬಗ್ಗೆ ಕಳೆದ ಭಾನುವಾರದ ಪುರವಣಿಯಲ್ಲಿ ಬಂದ ಲೇಖನ ಓದಿದೆ. ಕಾರ್ನೆಗಿಯ ಉಕ್ಕು, ರಾಕ್‌ಫೆಲ್ಲರ್‌ನ ಎಣ್ಣೆ, 1869ರಲ್ಲಿ ಯೂಟಾದಲ್ಲಿ ಎರಡು ಕಡೆಯ ರೈಲು ಹಳಿ ಬಂದು ಕೂಡಿದ್ದು, ಎಲ್ಲ ಚೆನ್ನಾಗಿಯೇ ಇತ್ತು. ನನ್ನ ತಕರಾರು ಕೊನೆಯ ಪ್ಯಾರಾದ ಬಗ್ಗೆ. ಶಿಕಾಗೋ ಪಕ್ಕ ಜಾರ್ಜ್ ಪುಲ್‌ಮನ್ ಕಟ್ಟಿಸಿದ ಕಾರ್ಮಿಕರ ಊರನ್ನು ಲೇಖಕರು ಬಾಯ್ತುಂಬ ಹೊಗಳಿದ್ದಾರೆ. ಮುಂಬಯಿ, ಪುಣೆಯ ಕಾರ್ಖಾನೆಯವರೂ ಹಾಗೇ ಮಾಡಲಿ ಎಂದಿದ್ದಾರೆ. 1894ರಲ್ಲಿ ಆ ಊರಿಗೆ ಏನಾಯಿತು ಅನ್ನುವುದನ್ನು ಮಾತ್ರ ಬರೆದಿಲ್ಲ.

ಊರು ಚೆನ್ನಾಗಿತ್ತು, ಸುಳ್ಳಲ್ಲ. ಪುಲ್‌ಮನ್ ಕಂಪನಿ ಮಲಗಿಕೊಂಡು ಹೋಗುವ ರೈಲು ಡಬ್ಬಿಗಳನ್ನು ಮಾಡುತ್ತಿತ್ತು. 1880ರ ದಶಕದ ಮೊದಲ ವರ್ಷಗಳಲ್ಲಿ ಕಾರ್ಖಾನೆಯ ಜೊತೆಗೇ ಇಟ್ಟಿಗೆಯ ಮನೆಗಳು, ಪಾರ್ಕು, ಲೈಬ್ರರಿ, ಇಗರ್ಜಿ ಎಲ್ಲ ಎದ್ದವು. ಆ ಕಾಲದ ಶಿಕಾಗೋದ ಕೊಳಕು ಓಣಿಗಳನ್ನು ನೋಡಿದವರಿಗೆ ಇದು ಸ್ವರ್ಗ. ಆದರೆ ಅಲ್ಲಿ ಒಂದು ಮನೆಯನ್ನೂ ಕಾರ್ಮಿಕ ಕೊಂಡುಕೊಳ್ಳುವ ಹಾಗಿರಲಿಲ್ಲ. ಎಲ್ಲ ಬಾಡಿಗೆ. ಲೈಬ್ರರಿಗೆ ಫೀಸು. ಇಗರ್ಜಿಗೂ ಬಾಡಿಗೆ! ಅದು ಜಾಸ್ತಿಯಾಯಿತು ಅಂತ ಯಾವ ಕ್ರೈಸ್ತ ಪಂಗಡದವರೂ ಮುಂದೆ ಬರದೆ ಕಟ್ಟಡ ಕೆಲವು ಕಾಲ ಸುಮ್ನೆ ಖಾಲಿ ಬಿದ್ದಿತ್ತು. ನೀರು, ಗ್ಯಾಸು ಮಾರುವವರೂ ಕಂಪನಿಯವರೇ. ಮುಂದೆ ಸರ್ಕಾರ ನೇಮಿಸಿದ ಆಯೋಗ ಲೆಕ್ಕ ಹಾಕಿದಾಗ, ಸುತ್ತಲಿನ ಊರುಗಳಿಗಿಂತ ಇಲ್ಲಿನ ಬಾಡಿಗೆ ನೂರಕ್ಕೆ 20ರಿಂದ 25ರಷ್ಟು ಹೆಚ್ಚು ಅಂತ ತಿಳಿಯಿತು.

1893ರಲ್ಲಿ ದೇಶದ ವ್ಯಾಪಾರ ಕುಸಿಯಿತು. ಬ್ಯಾಂಕುಗಳು ಮುಳುಗಿದವು, ರೈಲ್ವೆ ಕಂಪನಿಗಳು ದಿವಾಳಿಯೆದ್ದವು. ಪುಲ್‌ಮನ್ ಕೂಲಿಯನ್ನು ಸರಾಸರಿ ಕಾಲು ಭಾಗ ಕಡಿಮೆ ಮಾಡಿದ. ಬಾಡಿಗೆಯಲ್ಲಿ ಒಂದು ಸೆಂಟೂ ಇಳಿಸಲಿಲ್ಲ. ಷೇರುದಾರರಿಗೆ ನೂರಕ್ಕೆ 8ರ ಲಾಭಾಂಶ ಆ ವರ್ಷವೂ ತಪ್ಪದೆ ಹೋಯಿತು. ಕಾರ್ಮಿಕರು ಕೇಳಿದ್ದಕ್ಕೆ, ಕೂಲಿ ಕೊಡುವ ಕಂಪನಿಗೂ ಬಾಡಿಗೆ ವಸೂಲಿ ಮಾಡುವ ಕಂಪನಿಗೂ ಸಂಬಂಧ ಇಲ್ಲ ಅನ್ನುವ ಧಾಟಿಯ ಉತ್ತರ ಸಿಕ್ಕಿತು. ಎರಡೂ ಕಡೆ ಕೂತಿದ್ದವನು ಒಬ್ಬನೇ ಅಲ್ವಾ?

ಈ ಲೆಕ್ಕ ನನಗೆ ಗೊತ್ತಿರುವುದು ಪುಸ್ತಕದಿಂದ ಮಾತ್ರ ಅಲ್ಲ. ನಾನು ಕುಂದಾಪುರದ ಕಡೆಯವನು. ಹುಡುಗನಾಗಿದ್ದಾಗಲೇ ಮುಂಬಯಿಗೆ ಬಂದು ಫೋರ್ಟಿನ ಒಂದು ಹೋಟೆಲಿಗೆ ಕ್ಲೀನರ್ ಆಗಿ ಸೇರಿದೆ. ಹಗಲು ಲೋಟ ತೊಳೆಯುವುದು, ಸಂಜೆ ಕನ್ನಡ ರಾತ್ರಿಶಾಲೆ, ಬಾಗಿಲು ಹಾಕಿದ ಮೇಲೆ ಮೇಜು ಜೋಡಿಸಿ ಅದರ ಮೇಲೆ ಚಾಪೆ. ಧಣಿಗಳು ಕೆಟ್ಟವರೇನಲ್ಲ. ಜ್ವರ ಬಂದರೆ ಗಂಜಿ ಮಾಡಿಸಿ ಕೊಡುತ್ತಿದ್ದರು. ಶಾಲೆಗೆ ಹೋಗಲು ಬಿಟ್ಟವರೂ ಅವರೇ. ಆದರೆ ಒಬ್ಬ ಸಪ್ಲೈಯರ್ ಅಣ್ಣ ಇದ್ದರು. ಊರಿನಲ್ಲಿ ತಂಗಿಯ ಮದುವೆ ಅಂತ ಬಾಕಿ ಸಂಬಳ ಸ್ವಲ್ಪ ಗಟ್ಟಿಯಾಗಿ ಕೇಳಿದರು. ಅವತ್ತೇ ರಾತ್ರಿ ಅವರ ಟ್ರಂಕು ಫುಟ್‌ಪಾತಿಗೆ ಬಂತು. ಕೆಲಸ, ಊಟ, ಮಲಗುವ ಮೇಜು, ಮೂರೂ ಒಟ್ಟಿಗೆ ಹೋದವು. ಅವರ ಪರವಾಗಿ ನಾವ್ಯಾರೂ ತುಟಿ ಬಿಚ್ಚಲಿಲ್ಲ. ಬಿಚ್ಚಿದ್ದರೆ ಮಲಗುವುದೆಲ್ಲಿ?

ಪುಲ್‌ಮನ್‌ನ ಜನ ನಮಗಿಂತ ಗಟ್ಟಿ. 1894ರ ಮೇ 11ರಂದು ಕೆಲಸ ನಿಲ್ಲಿಸಿದರು. ಯೂಜಿನ್ ಡೆಬ್ಸ್ ಮುಂದಾಳಾಗಿದ್ದ ಅಮೆರಿಕನ್ ರೈಲ್ವೆ ಯೂನಿಯನ್ ಅವರ ಬೆನ್ನಿಗೆ ನಿಂತು, ಪುಲ್‌ಮನ್ ಡಬ್ಬಿ ಇರುವ ಗಾಡಿ ಓಡಿಸುವುದಿಲ್ಲ ಅಂದಿತು. ಶಿಕಾಗೋದಿಂದ ಪಶ್ಚಿಮಕ್ಕೆ ಗಾಡಿಗಳು ನಿಂತೇಹೋದವು. ಇದನ್ನೂ ಹೇಳಬೇಕು: ಆ ಯೂನಿಯನ್ ಕರಿಯರನ್ನು ಸದಸ್ಯರಾಗಿ ಸೇರಿಸಿಕೊಳ್ಳುತ್ತಿರಲಿಲ್ಲ. ಪುಲ್‌ಮನ್ ಡಬ್ಬಿಗಳಲ್ಲಿ ಹಾಸಿಗೆ ಹಾಸಿ, ಬೂಟು ಒರೆಸುತ್ತಿದ್ದ ಪೋರ್ಟರ್‌ಗಳೆಲ್ಲ ಕರಿಯರೇ. ಅವರನ್ನು ಹೊರಗಿಟ್ಟು ಮಾಡಿದ ಒಗ್ಗಟ್ಟು ಅದು. ಪೋರ್ಟರ್‌ಗಳಿಗೆ ತಮ್ಮದೇ ಸಂಘ ಆಗಲು 1925 ಬರಬೇಕಾಯಿತು.

ಇನ್ನು ರಾಜಕೀಯ. ಅಟಾರ್ನಿ ಜನರಲ್ ರಿಚರ್ಡ್ ಓಲ್ನಿ ಅದಕ್ಕೂ ಮೊದಲು ರೈಲ್ವೆ ಕಂಪನಿಗಳ ವಕೀಲನಾಗಿದ್ದವನು. ಟಪಾಲು ನಿಲ್ಲುತ್ತಿದೆ ಅನ್ನುವ ಕಾರಣ ಕೊಟ್ಟು ಕೋರ್ಟಿನಿಂದ ಮುಷ್ಕರದ ಮೇಲೆ ತಡೆಯಾಜ್ಞೆ ತಂದ. ಅಧ್ಯಕ್ಷ ಕ್ಲೀವ್‌ಲ್ಯಾಂಡ್ ಶಿಕಾಗೋಗೆ ಸೈನ್ಯ ಕಳಿಸಿದರು. ಶಿಕಾಗೋ ಇರುವ ಇಲಿನಾಯ್ ರಾಜ್ಯದ ಗವರ್ನರ್ ಆಲ್ಟ್‌ಗೆಲ್ಡ್, ನಾವು ಕೇಳಿಯೇ ಇಲ್ಲ, ಸೈನ್ಯ ಯಾಕೆ ಅಂತ ಪ್ರತಿಭಟಿಸಿದರು. ಯಾರೂ ಕೇಳಲಿಲ್ಲ. ತಮಾಷೆ ನೋಡಿ, ಸೈನ್ಯ ಹೊರಡುವುದಕ್ಕೆ ಕೆಲವೇ ದಿನ ಮೊದಲು, ಜೂನ್ 28ರಂದು, ಇದೇ ಕ್ಲೀವ್‌ಲ್ಯಾಂಡ್ ಕಾರ್ಮಿಕರ ದಿನದ ರಜೆಗೆ ಸಹಿ ಹಾಕಿದ್ದರು. ರಜೆ ಕೊಡುವುದು ಸುಲಭ.

ತಡೆಯಾಜ್ಞೆ ಮೀರಿದ್ದಕ್ಕೆ ಡೆಬ್ಸ್‌ಗೆ ಆರು ತಿಂಗಳು ಜೈಲು. ಕೆಳ ಕೋರ್ಟು ಅದಕ್ಕೆ ಆಧಾರ ಮಾಡಿಕೊಂಡದ್ದು 1890ರ ಶೆರ್ಮನ್ ಕಾಯಿದೆಯನ್ನು. ದೊಡ್ಡ ಕಂಪನಿಗಳು ಕೂಡಿಕೊಂಡು ಮಾರುಕಟ್ಟೆ ನುಂಗಬಾರದು ಅಂತ ಮಾಡಿದ ಕಾಯಿದೆ ಅದು. 1895ರಲ್ಲಿ, ದೇಶದ ಸಕ್ಕರೆ ಶುದ್ಧೀಕರಣವನ್ನು ಹೆಚ್ಚುಕಡಿಮೆ ಪೂರ್ತಿ ಕೈಗೆ ತೆಗೆದುಕೊಂಡಿದ್ದ ಕಂಪನಿಗೆ ಇದೇ ಕಾಯಿದೆ ತಗಲುವುದಿಲ್ಲ ಅಂತ ಸುಪ್ರೀಂ ಕೋರ್ಟು ಹೇಳಿತು. ಡೆಬ್ಸ್‌ನ ಶಿಕ್ಷೆಯನ್ನು, ಬೇರೆ ಆಧಾರದ ಮೇಲೆ, ಅದೇ ವರ್ಷ ಎತ್ತಿಹಿಡಿಯಿತು. ವರ್ಷಕ್ಕೆ 4,000 ಡಾಲರ್ ಮೀರಿದ ವರಮಾನಕ್ಕೆ ಹಾಕಿದ್ದ ನೂರಕ್ಕೆ 2ರ ತೆರಿಗೆಯನ್ನೂ ಅದೇ ವರ್ಷ ತಳ್ಳಿಹಾಕಿತು. ನಿಮ್ಮ ಲೇಖಕರು ಆ ಯುಗವನ್ನು "ಪ್ರತಿಭೆಗೆ ಸರ್ಕಾರ ಅಡ್ಡ ಬರದ ಕಾಲ" ಎಂದಿದ್ದಾರೆ. ಯಾರಿಗೆ ಅಡ್ಡ ಬರಲಿಲ್ಲ ಅಂತಲೂ ಒಂದು ಸಾಲು ಬರೆಯಬಹುದಿತ್ತು.

ಮುಷ್ಕರ ಸೋತಿತು. ಯೂನಿಯನ್ ಸೇರುವುದಿಲ್ಲ ಅಂತ ಬರೆದುಕೊಟ್ಟವರಿಗೆ ಮಾತ್ರ ಮತ್ತೆ ಕೆಲಸ. 1897ರಲ್ಲಿ ಪುಲ್‌ಮನ್ ತೀರಿಕೊಂಡಾಗ, ಕೋಪಗೊಂಡ ಜನ ಹೆಣ ಕೀಳಬಹುದು ಅಂತ ಹೆದರಿ ಮನೆಯವರು ಕಾಂಕ್ರೀಟು ಹಾಕಿ, ಉಕ್ಕಿನ ಹಳಿ ಜೋಡಿಸಿ ಹೂಳಿದರು. ಮಾದರಿ ಊರು ಕಟ್ಟಿದವನ ಅಂತ್ಯಕ್ರಿಯೆ ಇದು.

ನಮ್ಮ ಮುಂಬಯಿಯದೇ ಮಾತು ತೆಗೆದುಕೊಳ್ಳಿ. 1982ರ ಜನವರಿಯಲ್ಲಿ ಕಾರ್ಮಿಕ ಮುಂದಾಳು ದತ್ತಾ ಸಾಮಂತರ ಹಿಂದೆ ಸುಮಾರು ಎರಡೂವರೆ ಲಕ್ಷ ಬಟ್ಟೆ ಗಿರಣಿ ಕಾರ್ಮಿಕರು ಮುಷ್ಕರಕ್ಕೆ ಹೊರಗೆ ಬಂದರು. ಅವರೂ ಸೋತರು. ಆದರೆ ವರ್ಷಕ್ಕಿಂತ ಜಾಸ್ತಿ ಕಾಲ ನಿಂತರಲ್ಲ, ಹೇಗೆ? ಲಾಲ್‌ಬಾಗ್, ಪರೇಲ್ ಕಡೆಯ ಚಾಳುಗಳಲ್ಲಿ, ಅಂದರೆ ಸಾಲು ಕೋಣೆಗಳ ಕಟ್ಟಡಗಳಲ್ಲಿ, ಹಳೇ ಬಾಡಿಗೆಯ ಖೋಲಿ ಇತ್ತು. ಬಹಳಷ್ಟು ಖೋಲಿಗಳ ಬೀಗದ ಕೈ ಗಿರಣಿ ಮಾಲಕರ ಹತ್ತಿರ ಇರಲಿಲ್ಲ. ಇದೊಂದೇ ಕಾರಣ ಅಂತಲ್ಲ, ಕೊಂಕಣದ ಗದ್ದೆಯೂ ಇತ್ತು, ಉದ್ರಿ ಕೊಡುವ ಅಂಗಡಿಯೂ ಇತ್ತು.

ಈಗ ನನ್ನ ತಂಗಿಯ ಮಗ ಪುಣೆ ಹತ್ತಿರ ಚಾಕಣಿನಲ್ಲಿ ಗುತ್ತಿಗೆ ಕೆಲಸಕ್ಕಿದ್ದಾನೆ. ಕೆಲಸ ಕೊಡಿಸಿದ ಗುತ್ತಿಗೆದಾರನೇ ಕೋಣೆ ಕೊಟ್ಟಿದ್ದಾನೆ. ಬಾಡಿಗೆ, ಊಟದ ಡಬ್ಬಿ, ಬಸ್ಸು ಎಲ್ಲ ಸಂಬಳದಲ್ಲೇ ಮುರಿದುಕೊಳ್ಳುತ್ತಾನೆ. ಓವರ್‌ಟೈಮ್ ಹಣ ಕೇಳೋ ಅಂದರೆ, "ಬೇಡ ಮಾವ, ಕೋಣೆ ಹೋಗುತ್ತೆ" ಅನ್ನುತ್ತಾನೆ.

ಕಾರ್ಮಿಕರಿಗೆ ಮನೆ ಬೇಡ ಅಂತ ನಾನು ಹೇಳುತ್ತಿಲ್ಲ. ಬೇಕೇ ಬೇಕು. ಕಂಪನಿಯ ದುಡ್ಡಿನಲ್ಲೇ ಕಟ್ಟಲಿ. ಆದರೆ ಬಾಡಿಗೆ ಕರಾರು ಕೆಲಸದ ಕಾಗದದಿಂದ ಬೇರೆ ಇರಲಿ. ಬಾಡಿಗೆಯನ್ನು ಸಂಬಳದಲ್ಲಿ ಮುರಿಯದೆ ಪೂರ್ತಿ ಸಂಬಳ ಕೈಗೆ ಕೊಡಲಿ. ಕೆಲಸ ಹೋದರೂ ಬೇರೆ ಜಾಗ ಹುಡುಕಲು ಮೂರು ತಿಂಗಳಾದರೂ ಬಿಡಲಿ. 1898ರಲ್ಲಿ ಇಲಿನಾಯ್ ಸುಪ್ರೀಂ ಕೋರ್ಟು ಪುಲ್‌ಮನ್ ಕಂಪನಿಗೆ, ಕಾರ್ಖಾನೆ ಇಟ್ಟುಕೊಳ್ಳಿ, ಮನೆಗಳನ್ನು ಮಾರಿಬಿಡಿ ಎಂಬ ಅರ್ಥದ ತೀರ್ಪು ಕೊಟ್ಟಿತು. ಲೇಖಕರು ಮುಂದಿನ ಕಂತಿನಲ್ಲಿ ಆ ತೀರ್ಪಿನ ಬಗ್ಗೆಯೂ ಬರೆದರೆ ಚಾಕಣಿನ ಹುಡುಗರಿಗೆ ನಾನೇ ಆ ಪುಟ ಕತ್ತರಿಸಿ ಕಳಿಸುತ್ತೇನೆ.

ಇಂತಿ,
ನಿವೃತ್ತ ಬ್ಯಾಂಕ್ ಗುಮಾಸ್ತ, ಡೊಂಬಿವಲಿ